ಕೊನೆಗೆ ಮದ್ದು ಬಿಡಬೇಕು

ಕಾಸರಗೋಡು ಜಿಲ್ಲೆಯ ನೀರ್ಚಾಲಿನ ಹತ್ತಿರದ ನಮ್ಮ ವಾಚನಾಲಯದ ವಾರ್ಷಿಕೋತ್ಸವಕ್ಕೆ ಸ್ಮರಣ ಸಂಚಿಕೆ ತರುವುದೆಂದು ತೀರ್ಮಾನವಾಯಿತು. ಜಾಹೀರಾತು ಬಂತು, ಹಿರಿಯರ ಸಂದೇಶ ಬಂತು. ಅಡಿಕೆಯ ಕೊಳೆರೋಗದ ಬಗ್ಗೆ ಬರೆದುಕೊಡುತ್ತೇನೆ ಎಂದವರು ಮಾತ್ರ ಕಡೇ ಗಳಿಗೆಯಲ್ಲಿ ಕೈಯೆತ್ತಿದರು. "ಮಾಷ್ಟ್ರೆ, ನಾಲ್ಕು ಪುಟ ಖಾಲಿ ಉಂಟು, ನೀವೇ ಎಂತಾದ್ರೂ ಮಾಡಿ" ಅಂದರು ಪ್ರೆಸ್ಸಿನವರು.

ನನ್ನಲ್ಲಿ ಹಳೆಯ ಕೃಷಿ ಪತ್ರಿಕೆಯೊಂದರ ಲೇಖನವಿತ್ತು. ನಮ್ಮ ಸೀಮೆಯ ಕೃಷಿಕರೇ ಬರೆದದ್ದು. ಅದನ್ನೇ ಟೈಪು ಮಾಡಿ ಶಬ್ದಗಳನ್ನು ಬದಲಿಸಿದರೆ ಯಾರಿಗೆ ಗೊತ್ತಾಗುತ್ತದೆ? ಮೂವತ್ತು ವರ್ಷ ಕನ್ನಡ ಪಾಠ ಮಾಡಿದವನಿಗೆ ಸಮಾನಾರ್ಥಕ ಪದಗಳಿಗೇನು ಬರ! ಇಡೀ ಸಂಚಿಕೆ ಇದ್ದ ಫೈಲಿನ ತುದಿಗೇ ಲೇಖನವನ್ನು ಸೇರಿಸಿ, ‘ಹುಡುಕಿ ಬದಲಿಸು’ ಎಂಬ ಆಜ್ಞೆ ಕೊಡುತ್ತಾ ಕೂತೆ.

ಮೊದಲ ತೊಡಕು ವಿಭಕ್ತಿಯದ್ದು. ‘ಜುಲೈ ಕೊನೆಗೆ’ ಎಂದಿದ್ದುದನ್ನು ತಿದ್ದಲು ‘ಕೊನೆ’ ಇದ್ದಲ್ಲಿ ‘ಅಂತ್ಯ’ ಹಾಕಿದರೆ ‘ಅಂತ್ಯಗೆ’ ಆಯಿತು. ಸರಿ, ‘ಕೊನೆಗೆ’ ಬೇರೆ, ‘ಕೊನೆಯ’ ಬೇರೆ, ‘ಕೊನೆಯಲ್ಲಿ’ ಬೇರೆ ಎಂದು ಒಂದೊಂದನ್ನೇ ಬದಲಿಸಿದೆ. ‘ಮದ್ದು’ ಹೋಗಿ ‘ಔಷಧ’ ಬಂತು. ‘ಮರ’ ‘ವೃಕ್ಷ’ವಾಯಿತು; ಅದರ ಜೊತೆಗೇ ‘ಮರಳಿ’ ಎಂಬುದು ‘ವೃಕ್ಷಳಿ’ ಆದದ್ದನ್ನು ಕಂಡು ನಗುತ್ತಲೇ ತಿದ್ದಿದೆ. ಕೊಳೆರೋಗ ಅರಿಸಮಾಸವಲ್ಲವೇ, ಕನ್ನಡದ ಕೊಳೆಗೆ ಸಂಸ್ಕೃತದ ರೋಗ ಏಕೆ ಎಂದು ‘ಕೊಳೆಬೇನೆ’ ಮಾಡಿದೆ. ಎರಡು ಸಂಜೆಯಲ್ಲಿ ಲೇಖನ ‘ನನ್ನದಾಯಿತು’.

ಪ್ರೂಫ್ ಜಗಲಿಯಲ್ಲಿತ್ತು. ತೋಟಕ್ಕೆ ಮದ್ದು ಬಿಡಲು ಬರುವ ಅಣ್ಣ ಚಹಾ ಕುಡಿಯುತ್ತಾ ಅದನ್ನು ಎತ್ತಿಕೊಂಡರು.

"ಎಂತ ಮಾಷ್ಟ್ರೆ ಇದು? ಮದ್ದೇ ಬೇಡ ಅಂತ ಬರ್ದಿದ್ದೀರಲ್ಲ. ನನ್ನ ಹೊಟ್ಟೆಗೆ ಕಲ್ಲು ಹಾಕ್ಲಿಕ್ಕುಂಟಾ?"

ನೋಡಿದೆ. ಮೂಲದಲ್ಲಿ ಇದ್ದದ್ದು: ‘ಮಳೆಗಾಲ ಹಿಡಿಯುವ ಮೊದಲೇ ಕೊನೆಗೆ ಮದ್ದು ಬಿಡಬೇಕು.’ ನನ್ನದರಲ್ಲಿ: ‘ಮಳೆಗಾಲ ಆರಂಭವಾಗುವ ಮುನ್ನವೇ ಅಂತ್ಯಕ್ಕೆ ಔಷಧ ಬಿಡಬೇಕು.’ ಅಡಿಕೆಯ ಕೊನೆ, ಅಂದರೆ ಗೊನೆ, ಕಾಲದ ಕೊನೆಯಾಗಿತ್ತು. ಮದ್ದು ಬಿಡುವುದೆಂದರೆ ನಮ್ಮಲ್ಲಿ ಸಿಂಪಡಿಸುವುದು. ಔಷಧ ಬಿಡುವುದೆಂದರೆ ನಿಲ್ಲಿಸುವುದು. ‘ಬಿಡು’ ಎಂಬ ಕ್ರಿಯಾಪದ ಇದ್ದಲ್ಲೇ ಇತ್ತು, ಪಕ್ಕದ ಮಾತು ಬದಲಾದದ್ದಕ್ಕೆ ಅರ್ಥ ತಲೆಕೆಳಗಾಯಿತು.

ಅದು ನಗುವ ತಪ್ಪು. ನಗಲಾಗದ್ದು ಇನ್ನೊಂದಿತ್ತು. ‘ಸುಣ್ಣದ ನೀರಿಗೆ ಮೈಲುತುತ್ತಿನ ನೀರನ್ನು ನಿಧಾನಕ್ಕೆ ಹೊಯ್ಯಬೇಕು’ ಎಂಬುದನ್ನು ನಾನು ‘ಮೈಲುತುತ್ತು ಹಾಗೂ ಸುಣ್ಣದ ದ್ರಾವಣಗಳನ್ನು ಸಮ್ಮಿಶ್ರಗೊಳಿಸಬೇಕು’ ಎಂದು ಘನಗೊಳಿಸಿದ್ದೆ. ಯಾವುದಕ್ಕೆ ಯಾವುದು ಎಂಬುದೇ ಹಾರಿಹೋಗಿತ್ತು. ಮೈಲುತುತ್ತು (ತಾಮ್ರದ ಸಲ್ಫೇಟ್) ಮತ್ತು ಸುಣ್ಣ ಸೇರಿಸಿ ಮಾಡುವ ಈ ಮದ್ದಿಗೆ ಬೋರ್ಡೊ ದ್ರಾವಣ ಎನ್ನುತ್ತಾರೆ; ಅದರಲ್ಲಿ ಇರುವ ಗುಟ್ಟೇ ಅದು.

ಆ ಫೈಲಿನಿಂದ ಲೇಖನ ಅಳಿಸಿದೆ. ಮೂಲವನ್ನು ಕಪಾಟಿಗೆ ಹಾಕಿ, ಚೀಟಿಯಲ್ಲಿ ಅಂಕಿಗಳನ್ನಷ್ಟೇ ಗುರುತು ಮಾಡಿಕೊಂಡೆ: ಶೇಕಡಾ 1ರ ದ್ರಾವಣಕ್ಕೆ ಮೈಲುತುತ್ತು 1 ಕಿಲೋ, ಸುಣ್ಣ 1 ಕಿಲೋ, ನೀರು 100 ಲೀಟರ್, ಎರಡನೆಯ ಸಲ 40-45 ದಿನ ಕಳೆದು. ಇವಕ್ಕೆ ಪರ್ಯಾಯ ಪದವಿಲ್ಲ, ಪುಣ್ಯ. ಆಮೇಲೆ ಅಣ್ಣನನ್ನೇ ಕೂರಿಸಿ, ಓದಿದ್ದನ್ನು ನನ್ನ ಮಾತಿನಲ್ಲಿ ಹೇಳಿದೆ. ತಪ್ಪಿದಲ್ಲಿ ಅವರು ತಡೆದರು. "ಕಬ್ಬಿಣದ ಕತ್ತಿ ಅದ್ದಿ ನೋಡ್ಬೇಕು ಅಂತ ಹಾಕಿ. ಅಲಗಿಗೆ ಕೆಂಪು ಹಿಡಿದ್ರೆ ಸುಣ್ಣ ಸಾಲದು" ಎಂದರು. ಮೂಲದಲ್ಲಿ ಇದು ಇರಲೇ ಇಲ್ಲ. ಅವರು ಹೋದ ಕೂಡಲೇ ಒಂದೇ ಪಟ್ಟಿಗೆ ಕೂತು ಬರೆದೆ. ವಾಕ್ಯಗಳು ತಾವಾಗಿ ಬೇರೆಯಾದವು. ಯಾವ ಶಬ್ದವನ್ನೂ ಹುಡುಕಿ ಬದಲಿಸಬೇಕಾಗಲಿಲ್ಲ.

ಕೊಳೆರೋಗ ಕೊಳೆರೋಗವಾಗಿಯೇ ಉಳಿಯಿತು. ಪಕ್ಕದಲ್ಲಿ ‘ಮಹಾಳಿ’ ಎಂದೂ ಸೇರಿಸಿದೆ. ಮಲಯಾಳಂ ಶಾಲೆಯಲ್ಲಿ ಕಲಿತ ನಮ್ಮ ಮಕ್ಕಳಿಗೆ ಆ ಹೆಸರೇ ಬೇಗ ಗೊತ್ತಾಗುವುದು. ನಾನು ಹಾಕಿದ ಪರ್ಯಾಯ ಪದಗಳಲ್ಲಿ ಕೆಲಸಕ್ಕೆ ಬಂದದ್ದು ಅದೊಂದೇ. ಲೇಖನದ ಅಡಿಯಲ್ಲಿ ಮೂಲ ಲೇಖಕರ ಹೆಸರು ಹಾಕಿ, ಫೋನು ಮಾಡಿ ಒಪ್ಪಿಗೆಯನ್ನೂ ಕೇಳಿದೆ. "ಅಂಕಿ ಸರಿ ಉಂಟಲ್ಲ, ಸಾಕು" ಎಂದರು.

ಸಂಚಿಕೆ ಬಂತು. ಕೊಳೆರೋಗದ ಪುಟಗಳಲ್ಲಿ ಒಂದು ತಪ್ಪೂ ಇಲ್ಲ. ಆದರೆ ನಾನು ಆ ಎರಡು ಸಂಜೆ ಆಜ್ಞೆ ಕೊಟ್ಟದ್ದು ಇಡೀ ಫೈಲಿಗೆ ಎಂಬುದು ಅಧ್ಯಕ್ಷರ ಸಂದೇಶ ಓದಿದಾಗಲೇ ಹೊಳೆದದ್ದು: ‘ಮುಂಬೈಯಿಂದ ಊರಿಗೆ ವೃಕ್ಷಳಿ ಬಂದ ನನಗೆ ಈ ವಾಚನಾಲಯ...’