ಬಟನ್ ಒತ್ತಿದ ಮೇಲೆ ಟಿವಿ ಯೋಚನೆ ಮಾಡುತ್ತಿತ್ತು

ಹಾಸನದ ಸಾಲಗಾಮೆ ರಸ್ತೆಯ ನಮ್ಮ ಮನೆಗೆ ದೀಪಾವಳಿಗೆ ಕಡಿಮೆ ಬೆಲೆಯ 43 ಇಂಚಿನ ಟಿವಿ ಬಂತು. ಕ್ರಿಕೆಟ್ ಗೇಮಿನಲ್ಲಿ ಬಟನ್ ಒತ್ತಿ ನನ್ನ ಬ್ಯಾಟ್ ಬೀಸುವಷ್ಟರಲ್ಲಿ ಬಾಲ್ ಕೀಪರ್ ಕೈಲಿ. "ನಿಂಗೆ ಆಡಕ್ಕೇ ಬರಲ್ಲ ಬಿಡಣ್ಣ" ಅಂತ ತಮ್ಮನ ಗೇಲಿ ಬೇರೆ.

ಮೊದಲು ಟಿವಿಗೆ ಚಿತ್ರ, ಧ್ವನಿ ಒಯ್ಯುವ ದುಬಾರಿ ಎಚ್‌ಡಿಎಂಐ ಕೇಬಲ್ ತಂದೆ. ದುಡ್ಡು ದಂಡ, ಕೇಬಲ್‌ಗೂ ಈ ತಡಕ್ಕೂ ಸಂಬಂಧವೇ ಇಲ್ಲ.

ಆಮೇಲೆ ಕಂಟ್ರೋಲರ್, ಪರದೆ ಎರಡೂ ಕಾಣುವಂತೆ ಫೋನಿನಲ್ಲಿ ಸೆಕೆಂಡಿಗೆ 240 ಫ್ರೇಮಿನ (ಬಿಡಿ ಚಿತ್ರದ) ಸ್ಲೋ ಮೋಷನ್ ವಿಡಿಯೊ ತೆಗೆದೆ. ಒತ್ತಿದಲ್ಲಿಂದ ಬ್ಯಾಟ್ ಅಲುಗುವವರೆಗೆ 36 ಫ್ರೇಮ್, ಅಂದರೆ 150 ಮಿಲಿಸೆಕೆಂಡ್! ಚಲನೆ ನಯವಾಗಿಸಲು ಟಿವಿ ಮುಂದಿನ ಫ್ರೇಮಿಗೆ ಕಾಯುತ್ತದೆ, ನಡುವೆ ತಾನೇ ಹೊಸ ಫ್ರೇಮ್ ಹೆಣೆಯುತ್ತದೆ. ಸಿನಿಮಾಕ್ಕೆ ಸರಿ, ಆಟಕ್ಕೆ ಶನಿ.

ಇಂಥ ಕೆಲಸ ಬಿಡಿಸಿ ತಡ ತಗ್ಗಿಸುವ ಗೇಮ್ ಮೋಡ್ ಮೆನುವಿನಲ್ಲಿ ಕಾಣುತ್ತಲೇ ಇರಲಿಲ್ಲ. ಎಚ್‌ಡಿಎಂಐ 2 ಇನ್‌ಪುಟ್‌ಗೆ ಹೋಗಿ, ಗೇಮ್ ಓಡುತ್ತಿರುವಾಗಲೇ ಪಿಕ್ಚರ್ ಸೆಟ್ಟಿಂಗ್ ತೆರೆದರೆ ಸಿಕ್ಕಿತು. ಅದನ್ನು ಆನ್ ಮಾಡಿ, ಚಿತ್ರದ ಕಾಳುಕಾಳು ಅಳಿಸುವ ನಾಯ್ಸ್ ರಿಡಕ್ಷನ್ನನ್ನು ಆಫ್ ಮಾಡಿದೆ. ಮತ್ತೆ ಎಣಿಸಿದರೆ 18 ಫ್ರೇಮ್. ಉಳಿದ 75 ಮಿಲಿಸೆಕೆಂಡಿನಲ್ಲಿ ಕಂಟ್ರೋಲರ್ ಮತ್ತು ಗೇಮಿನ ಪಾಲೂ ಇದೆ.

ಬಣ್ಣ ತುಸು ಪೇಲವ. ಆದರೆ ನಮ್ಮ ಟಿವಿಯಲ್ಲಿ ಪ್ರತಿ ಇನ್‌ಪುಟ್‌ಗೂ ಬೇರೆ ಸೆಟ್ಟಿಂಗ್ ಉಳಿಯುವುದರಿಂದ ಸೆಟ್‌ಟಾಪ್ ಬಾಕ್ಸಿನಲ್ಲಿ ಅಮ್ಮನ ಧಾರಾವಾಹಿ ಮೊದಲಿನಂತೆಯೇ ಥಳಥಳ.