ಚೆಂಡಿಲ್ಲದ ಹೊತ್ತಿನ ವಿಂಗರ್

ರಗ್ಬಿಯಲ್ಲಿ ವಿಂಗರ್, ಅಂದರೆ ಮೈದಾನದ ಅಂಚಿನಲ್ಲಿ ಆಡುವವನು, ಅಂದಾಗ ಜನಕ್ಕೆ ಕಣ್ಣಿಗೆ ಕಟ್ಟುವುದು ಓಟ. 1995ರ ವಿಶ್ವಕಪ್ ಸೆಮಿಫೈನಲ್‌ನಲ್ಲಿ ನ್ಯೂಜಿಲೆಂಡಿನ ಜೋನಾ ಲೋಮು ಇಂಗ್ಲೆಂಡಿನವರನ್ನು ತುಳಿದುಕೊಂಡೇ ಹೋಗಿ, ಅವರ ಗೆರೆಯಾಚೆ ಚೆಂಡು ನೆಲಕ್ಕಿಟ್ಟು ನಾಲ್ಕು ಟ್ರೈ ಹೊಡೆದರಲ್ಲ, ಆ ವಿಡಿಯೋ ನೋಡಿಯೇ ನಾನೂ ಎಡ ವಿಂಗರ್‌ನ 11ನೇ ನಂಬರ್ ಜೆರ್ಸಿಗೆ ಆಸೆಪಟ್ಟವನು. ಆ ಮೈಕಟ್ಟು ನನಗೆಲ್ಲಿಂದ ಬರಬೇಕು! ವೇಲ್ಸ್‌ನ ಶೇನ್ ವಿಲಿಯಮ್ಸ್ ಆಟ ನೋಡಿದ ಮೇಲೆ ಧೈರ್ಯ ಬಂತು. ಕುಳ್ಳಗೆ, ಹಗುರಾಗಿದ್ದ ಆಸಾಮಿ 2008ರಲ್ಲಿ ಜಗತ್ತಿನ ವರ್ಷದ ಆಟಗಾರ.

ಆದರೆ 80 ನಿಮಿಷದ ಆಟದಲ್ಲಿ ವಿಂಗರ್ ಕೈಗೆ ಚೆಂಡು ಸಿಗುವುದು ಬೆರಳೆಣಿಕೆಯಷ್ಟು ಸಲ. ಮಿಕ್ಕ ಹೊತ್ತು ಏನು ಮಾಡುತ್ತೀಯ ಅನ್ನುವುದರಲ್ಲೇ ಕಸುಬು ಇರುವುದು. ನನಗದನ್ನು ಕಲಿಸಿದ್ದು ಎಲ್ಲರಿಗಿಂತ ಹಿಂದೆ ನಿಲ್ಲುವ ನಮ್ಮ ತಂಡದ ಫುಲ್‌ಬ್ಯಾಕ್. ಹಿಂದಿನಿಂದ ಒಂದೇ ಸಮನೆ ಕೂಗುತ್ತಿದ್ದ: "ಹಿಂದೆ ಬಾರೋ, ಇನ್ನೂ ಹಿಂದೆ! ಹಾಂ, ಈಗ ಏರು!" ಚೆಂಡು ಎಡಕ್ಕೆ ಹೋದರೆ ಎಡ ವಿಂಗರ್ ಮುಂದಿನ ಸಾಲಿಗೆ ಏರಬೇಕು, ಫುಲ್‌ಬ್ಯಾಕ್ ಅವನ ಬೆನ್ನಹಿಂದಕ್ಕೆ ಸರಿಯಬೇಕು, ಬಲ ವಿಂಗರ್ ಇಳಿದು ನಡುವಿನ ಖಾಲಿ ಜಾಗ ಮುಚ್ಚಬೇಕು. ಚೆಂಡು ಬಲಕ್ಕೆ ತಿರುಗಿತೋ, ಎಲ್ಲ ತಿರುವುಮುರುವು. ತೊಟ್ಟಿಲು ತೂಗಿದ ಹಾಗೆ ಇಡೀ ಆಟ ಇದೇ. ಮೂವರಲ್ಲಿ ಒಬ್ಬ ಮೈಮರೆತರೂ ಎದುರಾಳಿಯ ಆಟ ನಡೆಸುವ ಫ್ಲೈಹಾಫ್ ಸರಿಯಾಗಿ ಆ ಜಾಗಕ್ಕೇ ಒದೆಯುತ್ತಾನೆ.

ಅಂಚಿನಲ್ಲಿ ಇಬ್ಬರು ನುಗ್ಗಿ ಬಂದು, ತಡೆಯುವುದಕ್ಕೆ ನಾನೊಬ್ಬನೇ ಉಳಿದಾಗ ನಾನು ನೋಡುತ್ತಿದ್ದದ್ದು ಚೆಂಡು ಹಿಡಿದವನ ಸೊಂಟ. ಕಣ್ಣು, ಕೈ ಸುಳ್ಳು ಹೇಳುತ್ತವೆ. ಸೊಂಟ ಹೊರಗಿನ ಜೊತೆಗಾರನ ಕಡೆ ತಿರುಗಿದರೆ ಪಾಸ್ ಬರುತ್ತದೆ ಅಂತಲೇ ಲೆಕ್ಕ. ಆಗ ಹೊರಗಿನವನನ್ನು ಮೈದಾನದ ಅಂಚಿನ ಗೆರೆ, ಅಂದರೆ ಟಚ್‌ಲೈನ್ ಕಡೆಗೆ ಒತ್ತಿಕೊಂಡು ಹೋದರೆ ಸಾಕು. ಆ ಗೆರೆಯೂ ನಮ್ಮ ಕಡೆಯ ಒಬ್ಬ ಆಟಗಾರನೇ.

ತೊಡೆಯ ಹಿಂಭಾಗದ ಹ್ಯಾಮ್‌ಸ್ಟ್ರಿಂಗ್ ಪದೇ ಪದೇ ಕೈಕೊಡತೊಡಗಿದಾಗ ಆಟ ಬಿಟ್ಟು ಕೋಚಿಂಗ್‌ಗೆ ಬಂದೆ. ವಿಂಗರ್ ಏನು ಕೋಚ್ ಆಗುತ್ತಾನೆ, ಎರಡೂ ತಂಡದ ದಾಂಡಿಗರು ಬಗ್ಗಿ ಒಬ್ಬರನ್ನೊಬ್ಬರು ತಳ್ಳುವ ಸ್ಕ್ರಮ್‌ಗೆ ತಲೆ ಕೊಟ್ಟವನೇ ಅಲ್ಲ ಅಂತ ಗೆಳೆಯರು ಕಾಲೆಳೆದರು. ಸ್ಕ್ರಮ್ ಬಗ್ಗೆ ಒಪ್ಪುತ್ತೇನೆ, ಅದಕ್ಕೆ ಬೇರೆಯವರಿದ್ದಾರೆ. ಆದರೆ ವರ್ಷಗಟ್ಟಲೆ ಅಂಚಿನಲ್ಲಿ ನಿಂತು ಎರಡೂ ಸಾಲುಗಳನ್ನು ಅಡ್ಡಡ್ಡಲಾಗಿ ನೋಡಿದವನಿಗೆ ಎಲ್ಲಿ ಸಂದು ಬಿಡುತ್ತಿದೆ ಅನ್ನುವುದು ಬೇಗ ಕಾಣುತ್ತದೆ.

ನಾನು ಅತಿ ಹೆಚ್ಚು ಹೊತ್ತು ಕೊಡುವುದು ಎತ್ತರದ ಚೆಂಡು ಹಿಡಿಯುವುದಕ್ಕೆ. ಮೊದಲು "ನಂದು" ಅಂತ ಜೋರಾಗಿ ಕೂಗಬೇಕು. ಮೈ ಸ್ವಲ್ಪ ಪಕ್ಕಕ್ಕೆ ತಿರುಗಿರಬೇಕು, ಜಾರಿದರೂ ಚೆಂಡು ಮುಂದಕ್ಕೆ ಬಿದ್ದು ನಾಕ್‌ಆನ್ ಅನ್ನುವ ತಪ್ಪಾಗಬಾರದು. ಒಂದು ಮೊಣಕಾಲು ಎತ್ತಿ ಜಿಗಿದು, ಮೊಣಕೈ ಹತ್ತಿರ ಇಟ್ಟು, ಚೆಂಡನ್ನು ಹಣೆಗಿಂತ ಮೇಲೆಯೇ ಹಿಡಿಯಬೇಕು. ಗಾಳಿಯಲ್ಲಿರುವವನನ್ನು ಟ್ಯಾಕಲ್ ಮಾಡುವಂತಿಲ್ಲ, ಅಂದರೆ ಹಿಡಿದು ಕೆಡವುವಂತಿಲ್ಲ, ಕಾಲು ನೆಲಕ್ಕೆ ತಾಗಿದ ಕ್ಷಣದಿಂದ ಮಾಡಬಹುದು. ಅದಕ್ಕೇ ಇಳಿಯುವ ಹೊತ್ತಿಗೆ ಸರಿಯಾಗಿ ಒಬ್ಬನನ್ನು ಪ್ಯಾಡ್ ಹಿಡಿದು ಗುದ್ದಲು ಬಿಡುತ್ತೇನೆ. ಚೆಂಡನ್ನು ಒದ್ದೆ ಮಾಡಿರುತ್ತೇನೆ. ಹುಡುಗರು ಗೊಣಗುತ್ತಾರೆ, ಗೊಣಗಲಿ.

2021ರಲ್ಲಿ ಬಂದ 50:22 ನಿಯಮ ಈ ಕೆಲಸವನ್ನು ಇನ್ನಷ್ಟು ಬಿಗಿ ಮಾಡಿತು. ಎದುರಾಳಿ ತನ್ನ ಅರ್ಧದಿಂದ ಒದ್ದ ಚೆಂಡು ಮೈದಾನದೊಳಗೆ ಪುಟಿದು ನಮ್ಮ 22 ಮೀಟರ್ ವಲಯದಲ್ಲಿ ಹೊರಹೋದರೆ, ಚೆಂಡನ್ನು ಮತ್ತೆ ಆಟಕ್ಕೆ ತರುವ ಲೈನ್‌ಔಟ್‌ನಲ್ಲಿ ಎಸೆತ ಒದ್ದವರದ್ದೇ. ಮೊದಲಿನಂತೆ ಇಬ್ಬರೂ ವಿಂಗರ್‌ಗಳು ಒಟ್ಟಿಗೆ ಮುಂದಿನ ಸಾಲಿಗೆ ಹೋಗಿ ನಿಲ್ಲುವ ಕಾಲ ಮುಗಿಯಿತು.

ಇನ್ನೊಂದು ವಿಷಯಕ್ಕೆ ನಾನು ಬೈಯುತ್ತೇನೆ. ಟ್ರೈ ಆದಮೇಲೆ ಕಂಬಗಳ ನಡುವೆ ಚೆಂಡು ಹಾಯಿಸುವ ಕನ್ವರ್ಶನ್ ಒದೆಯುವುದು ಟ್ರೈ ಇಟ್ಟ ಜಾಗದ ನೇರಕ್ಕೆ. ತಡೆಯುವವರು ಯಾರೂ ಇಲ್ಲದಿದ್ದರೂ ಮೂಲೆಯಲ್ಲೇ ಹಾರಿ ಬಿದ್ದು ಫೋಟೋಗೆ ಪೋಸು ಕೊಡುವವನು ಒದೆಯುವವನ 2 ಪಾಯಿಂಟ್‌ಗೆ ಕಲ್ಲು ಹಾಕುತ್ತಾನೆ. ಸುತ್ತು ಹಾಕಿ ಕಂಬಗಳ ನಡುವೆ ಬಾರಪ್ಪ, ಟ್ರೈನ ಐದು ಪಾಯಿಂಟ್ ಏಳಾಗಲಿ.

ಹೊಸಬರು ಟ್ರಯಲ್ಸ್‌ಗೆ ಬಂದಾಗ ಸ್ಟಾಪ್‌ವಾಚನ್ನು ಕೊನೆಗೆ ತೆಗೆಯುತ್ತೇನೆ. ಮೊದಲು ಆಟವನ್ನೆಲ್ಲ ಆಚೆ ಅಂಚಿನಲ್ಲೇ ನಡೆಸಿ, ಈಚೆ ನಿಂತವನು ಎಷ್ಟು ಸಲ ತಲೆ ತಿರುಗಿಸಿ ಬೆನ್ನಹಿಂದಿನ ಜಾಗ ನೋಡಿಕೊಳ್ಳುತ್ತಾನೆ ಅಂತ ಎಣಿಸುತ್ತೇನೆ.