ಮುಳ್ಳಿಗಲ್ಲ, ದವಡೆಗೆ ಇಟ್ಟ ಹೆಸರು

ಹಾಸನದ ಒಂದು ಕಾಲೇಜಿನಲ್ಲಿ ಬಿ.ಎಸ್‌ಸಿ. ಮಕ್ಕಳಿಗೆ ಪ್ರಾಣಿಶಾಸ್ತ್ರ ಪಾಠ ಮಾಡುತ್ತೇನೆ. ನಮ್ಮಲ್ಲಿಗೆ ಬರುವವರಲ್ಲಿ ಜಾಸ್ತಿ ಮಕ್ಕಳು ಎಸ್ಸೆಸ್ಸೆಲ್ಸಿವರೆಗೆ ಕನ್ನಡದಲ್ಲೇ ಓದಿದವರು. ಅವರಿಗೆಂದು ಕಷ್ಟದ ಪದಗಳಿಗೆಲ್ಲ ಕನ್ನಡದಲ್ಲಿ ಒಂದೊಂದು ಸಾಲಿನ ಅರ್ಥ ಬರೆದು ನೋಟ್ಸ್ ಕೊಡುವುದು ನನ್ನ ರೂಢಿ. ಆ ನೋಟ್ಸಿನಲ್ಲಿ ಒಂದು ಸಾಲು ಆರೇಳು ವರ್ಷ ಹಾಗೇ ಉಳಿದಿತ್ತು: ‘ಹಿಸ್ಟ್ರಿಕೋಮಾರ್ಫ್ ಎಂದರೆ ಮುಳ್ಳುಹಂದಿಯಂಥ ದಂಶಕ.’ ಇಲಿ, ಅಳಿಲುಗಳಂತೆ ಮುಂದಿನ ಬಾಚಿಹಲ್ಲಲ್ಲಿ ಕೊರೆಯುವ ಪ್ರಾಣಿಗಳಿಗೆ ದಂಶಕ ಎನ್ನುತ್ತೇವೆ.

ಹಿಸ್ಟ್ರಿಕ್ಸ್ ಅಂದರೆ ಗ್ರೀಕ್ ಭಾಷೆಯಲ್ಲಿ ಮುಳ್ಳುಹಂದಿ. ಮಾರ್ಫ್ ಅಂದರೆ ರೂಪ. ಪದವನ್ನು ಬಿಡಿಸಿದರೆ ಅದೇ ಅರ್ಥ ಬರುತ್ತದೆ. ಹಾಗಾಗಿ ನನಗೆ ಅನುಮಾನವೇ ಬಂದಿರಲಿಲ್ಲ.

ಒಂದು ದಿನ ಎರಡನೇ ಬೆಂಚಿನ ಹುಡುಗಿ ಎದ್ದು ನಿಂತಳು. ‘ಮೇಡಂ, ನಮ್ಮನೇಲಿ ಗಿನಿಪಿಗ್ ಸಾಕಿದ್ದೀವಿ. ಅದೂ ಹಿಸ್ಟ್ರಿಕೋಮಾರ್ಫ್ ಅಂತ ಪುಸ್ತಕದಲ್ಲಿದೆ. ಅದಕ್ಕೆ ಒಂದು ಮುಳ್ಳೂ ಇಲ್ವಲ್ಲ?’ ನನ್ನ ಹತ್ತಿರ ಉತ್ತರ ಇರಲಿಲ್ಲ. ನಾಳೆ ಹೇಳ್ತೀನಿ ಕೂತ್ಕೋ ಅಂದೆ. ಸರಿಯಾದ ಉತ್ತರ ಸಿಗಲು ಒಂದು ವರ್ಷವೇ ಹಿಡಿಯಿತು.

ಮೊದಲು ಪುಸ್ತಕ ತೆಗೆದೆ. ಜೊಹಾನ್ ಫ್ರೀಡ್ರಿಕ್ ಬ್ರಾಂಟ್ ಎಂಬ ಪ್ರಾಣಿಶಾಸ್ತ್ರಜ್ಞ 1855ರಲ್ಲಿ ದಂಶಕಗಳನ್ನು ಮೂರು ಗುಂಪು ಮಾಡಿದ. ಅಳಿಲಿನ ರೂಪದವು, ಇಲಿಯ ರೂಪದವು, ಮುಳ್ಳುಹಂದಿಯ ರೂಪದವು. ಆತ ನೋಡಿದ ರೂಪ ಮೈಯದ್ದಲ್ಲ, ಬಾಲದ್ದಲ್ಲ, ಮುಳ್ಳಿನದಂತೂ ಅಲ್ಲವೇ ಅಲ್ಲ. ದವಡೆ ಎಳೆಯುವ ಸ್ನಾಯು ಬುರುಡೆಯ ಮೇಲೆ ಯಾವ ದಾರಿ ಹಿಡಿದು ಹೋಗುತ್ತದೆ ಎಂಬುದನ್ನು ನೋಡಿ ಅವನು ಈ ಹೆಸರು ಇಟ್ಟ. ಓದಿದೆ. ತಲೆಗೆ ಹೋಯಿತು ಅಂದುಕೊಂಡೆ. ಮಾರನೇ ದಿನ ಬೋರ್ಡಿನ ಮೇಲೆ ಚಿತ್ರ ಬರೆದು ಹೇಳಲು ಹೋದರೆ ಎರಡೇ ನಿಮಿಷಕ್ಕೆ ಮಾತು ತೊಡರಿತು. ಕಣ್ಣಲ್ಲಿ ಕಾಣದ್ದನ್ನು ಬಾಯಲ್ಲಿ ಹೇಳುವುದು ಬಹಳ ಕಷ್ಟ.

ಆಮೇಲೆ ನಮ್ಮ ಕೆನ್ನೆಯಿಂದಲೇ ಶುರು ಮಾಡಿದೆ. ನೀವೂ ಈಗ ಮಾಡಿ ನೋಡಿ. ಕಿವಿಯ ಮುಂದೆ, ಕೆಳದವಡೆಯ ಮೂಲೆಯಿಂದ ಸ್ವಲ್ಪ ಮೇಲೆ ಬೆರಳಿಟ್ಟು ಹಲ್ಲು ಕಚ್ಚಿ. ಗಟ್ಟಿಯಾಗಿ ಉಬ್ಬಿ ಬರುತ್ತದಲ್ಲ, ಅದೇ ಮ್ಯಾಸೆಟರ್ ಸ್ನಾಯು. ನಮ್ಮಲ್ಲಿ ಅದು ಕೆನ್ನೆಯ ಮೂಳೆಯಿಂದ ಹೊರಟು ನೇರ ಕೆಳಗಿಳಿದು ದವಡೆಗೆ ಅಂಟಿಕೊಳ್ಳುತ್ತದೆ. ಇನ್ನೊಂದು ವಿಷಯ. ನಮ್ಮ ಕಣ್ಣಿನ ಗುಳಿಯ ಕೆಳಗೆ ಮೂಳೆಯಲ್ಲಿ ಒಂದು ಸಣ್ಣ ತೂತಿದೆ. ಒಂದು ನರ, ಒಂದೆರಡು ರಕ್ತನಾಳ ಅದರಲ್ಲಿ ಹೊರಗೆ ಬರುತ್ತವೆ, ಅಷ್ಟೆ. ದಂಶಕಗಳ ಕಥೆಯೆಲ್ಲ ಈ ತೂತಿನಲ್ಲೇ ಇದೆ.

ತೂತು ತೋರಿಸಬೇಕೆಂದರೆ ಬುರುಡೆ ಬೇಕು. ಇಲಿಯದು ಸುಲಭ. ಮನೆಯ ಬೋನಿಗೆ ಬಿದ್ದ ಇಲಿಯನ್ನು ಮಣ್ಣಿನ ಕುಡಿಕೆಯಲ್ಲಿ ಹೂತು ಹಿತ್ತಿಲಲ್ಲಿಟ್ಟೆ. ಎರಡು ತಿಂಗಳ ನಂತರ ತೆಗೆದು, ಹಳೆಯ ಹಲ್ಲುಜ್ಜುವ ಬ್ರಷ್ಷಿನಲ್ಲಿ ತೊಳೆದು, ಹೈಡ್ರೋಜನ್ ಪೆರಾಕ್ಸೈಡ್‌ನಲ್ಲಿ ಅದ್ದಿ ಒಣಗಿಸಿದೆ. ಕುಡಿಕೆಯ ಬಾಯಿಗೆ ಜಾಲರಿ ಕಟ್ಟಿ. ಇಲ್ಲದಿದ್ದರೆ ಬೆಕ್ಕು ಕೆದಕಿ ಹಾಕುತ್ತದೆ, ನನ್ನ ಮೊದಲ ಕುಡಿಕೆ ಹಾಗೇ ಹೋಯಿತು. ಅಳಿಲಿನ ಬುರುಡೆ ಇಟ್ಟುಕೊಳ್ಳಲು ನನಗೆ ಮನಸ್ಸಿರಲಿಲ್ಲ. ಮೈಸೂರಿಗೆ ಹೋದಾಗ ಒಂದು ಪ್ರಾಣಿಶಾಸ್ತ್ರ ವಿಭಾಗದ ಗಾಜಿನ ಪೆಟ್ಟಿಗೆಯ ಮುಂದೆ ಕೂತು ಚಿತ್ರ ಬರೆದುಕೊಂಡು ಬಂದೆ. ಗಿನಿಪಿಗ್‌ನದು ಆ ಹುಡುಗಿಯಿಂದಲೇ ಬಂತು. ವಯಸ್ಸಾಗಿ ಸತ್ತ ತನ್ನ ಪ್ರಾಣಿಯನ್ನು ಪೇರಳೆ ಗಿಡದ ಬುಡದಲ್ಲಿ ಹೂತಿದ್ದಳು. ‘ಮೇಡಂ, ನಾನೇ ತೆಗೆದುಕೊಡ್ತೀನಿ’ ಅಂದಳು. ಅವಳು ಅದನ್ನು ಹತ್ತಿಯಲ್ಲಿ ಸುತ್ತಿ ಊಟದ ಡಬ್ಬಿಯಲ್ಲಿ ತಂದದ್ದು ನನಗೆ ಇನ್ನೂ ನೆನಪಿದೆ.

ಇನ್ನು ಮುಳ್ಳುಹಂದಿ. ಸಕಲೇಶಪುರದ ಕಡೆಯ ಒಬ್ಬ ವಿದ್ಯಾರ್ಥಿ ಬೆಳಿಗ್ಗೆ ಫೋನ್ ಮಾಡಿದ. ಅವರ ದೊಡ್ಡಪ್ಪನ ಕಾಫಿ ತೋಟದ ಅಂಚಿನಲ್ಲಿ, ಒಂದು ಬಿಲದ ಬಾಯಲ್ಲಿ, ಬುರುಡೆ ಬಿದ್ದಿದೆಯಂತೆ. ಮುಳ್ಳುಹಂದಿ ವನ್ಯಜೀವಿ ಕಾಯ್ದೆಯಡಿ ಬರುವ ಪ್ರಾಣಿ, ಅದರ ಮೂಳೆಯನ್ನು ಸುಮ್ನೆ ಎತ್ತಿಕೊಂಡು ಬರುವಂತಿಲ್ಲ. ಯಾರೂ ಮುಟ್ಟಬೇಡಿ, ಅರಣ್ಯ ಇಲಾಖೆಯವರಿಗೆ ಹೇಳಿ ಎಂದೆ. ನಾವು ಆರು ಜನ ಬಸ್ಸು ಹಿಡಿದು ಹೋದೆವು. ಗಾರ್ಡ್ ಬಂದು, ‘ಅಲ್ಲೇ ನೋಡ್ಕೊಳ್ಳಿ, ಫೋಟೋ ತೆಗೀರಿ, ಆಮೇಲೆ ನಾನು ತಗೊಂಡು ಹೋಗ್ತೀನಿ’ ಎಂದರು. ನಮಗೆ ಅಷ್ಟೇ ಸಾಕಿತ್ತು.

ಗೋಣಿಚೀಲ ಹಾಸಿ ಅದರ ಮೇಲೆ ಬುರುಡೆ ಇಟ್ಟೆವು. ಸ್ಕೇಲಿಟ್ಟರೆ ಸುಮಾರು 14 ಸೆಂಟಿಮೀಟರ್ ಉದ್ದ. ಮೂಗಿನ ಭಾಗ ಬುಗ್ಗೆಯ ಹಾಗೆ ಉಬ್ಬಿತ್ತು. ಮುಂದಿನ ಬಾಚಿಹಲ್ಲು ಕಿತ್ತಳೆ ಬಣ್ಣ. ಹಲ್ಲಿನ ಮುಂದಿನ ಮೈಗೆ ಮಾತ್ರ ಗಟ್ಟಿ ಎನಾಮಲ್ ಇರುತ್ತದೆ, ಅದರೊಳಗಿನ ಕಬ್ಬಿಣದ ಅಂಶದಿಂದ ಆ ಬಣ್ಣ. ಹಿಂಭಾಗ ಮೆತ್ತಗಿರುವುದರಿಂದ ಬೇಗ ಸವೆಯುತ್ತದೆ, ಹಾಗಾಗಿ ತುದಿ ಉಳಿಯ ಹಾಗೆ ಸದಾ ಚೂಪು. ಪಕ್ಕದಲ್ಲೇ ದನದ ಮೂಳೆಯ ತುಂಡೊಂದು ಬಿದ್ದಿತ್ತು. ಅದರ ಮೇಲೆ ಸಾಲಾಗಿ, ಒಂದೇ ಅಗಲದ ಗೀರುಗಳು. ಮುಳ್ಳುಹಂದಿಗಳು ಮೂಳೆ ತಂದು ಕೊರೆಯುತ್ತವೆ. ಅದರಿಂದ ಅವಕ್ಕೆ ಸುಣ್ಣದ ಅಂಶ ಸಿಗುತ್ತದೆ, ಹಲ್ಲೂ ಸವೆಯುತ್ತದೆ.

ನಾನು ಬುರುಡೆಯನ್ನು ನನ್ನ ಕಡೆ ತಿರುಗಿಸಿ ಕಣ್ಣಿನ ಗುಳಿಯ ಮುಂದೆ ನೋಡಿದೆ. ಅಲ್ಲಿ ಇನ್ನೊಂದು ಕಣ್ಣಿನ ಗುಳಿಯೇ ಇದೆ ಅನ್ನುವಷ್ಟು ದೊಡ್ಡ ತೂತು. ಕಿರುಬೆರಳು ಹಾಕಿದೆ. ಸಲೀಸಾಗಿ ಆಚೆಗೆ ಬಂತು. ‘ಇದೇ ಕಣ್ರೋ’ ಎಂದು ಜೋರಾಗಿ ಕೂಗಿಬಿಟ್ಟೆ. ನಮ್ಮಲ್ಲಿ ನರವೊಂದು ಹಾದುಬರುವ ಆ ಸಣ್ಣ ತೂತೇ ಇಲ್ಲಿ ಹೆಬ್ಬಾಗಿಲಾಗಿದೆ. ಮ್ಯಾಸೆಟರ್ ಸ್ನಾಯುವಿನ ಒಳಪದರ ಮೂತಿಯ ಪಕ್ಕದಿಂದ ಹೊರಟು, ಈ ತೂತಿನೊಳಗೆ ನುಸುಳಿ, ಕೆಳದವಡೆಗೆ ಹೋಗಿ ಸೇರುತ್ತದೆ. ನನ್ನ ಬೆರಳು ಹೋದ ದಾರಿಯೇ ಆ ಸ್ನಾಯುವಿನ ದಾರಿ. ಹಿಸ್ಟ್ರಿಕೋಮಾರ್ಫ್ ಎಂಬ ಪದ ತೋರಿಸುವುದು ಇದನ್ನೇ. ಆರೂ ಜನ ಸರದಿಯಲ್ಲಿ ಬೆರಳು ಹಾಕಿ ನೋಡಿದರು. ತೋಟದ ಆಳೊಬ್ಬರು ನೋಡುತ್ತ ನಿಂತಿದ್ದವರು, ‘ಅದಕ್ಕೇ ಕಣಮ್ಮ, ಮುಳ್ಳಂದಿ ಬಾಯಿಗೆ ಸಿಕ್ಕಿದ ಗೆಡ್ಡೆ ಒಂದೂ ಉಳಿಯಾಕಿಲ್ಲ’ ಎಂದರು.

ಊರಿಗೆ ಬಂದ ಮೇಲೆ ಗಿನಿಪಿಗ್ ಬುರುಡೆ ತೆಗೆದು ಅದೇ ಜಾಗ ನೋಡಿದೆವು. ಅಲ್ಲೂ ಅಂಥದ್ದೇ ಬಾಗಿಲು, ಗಾತ್ರ ಮಾತ್ರ ಚಿಕ್ಕದು. ಬೆರಳು ಹೋಗಲಿಲ್ಲ, ಬೆಂಕಿಕಡ್ಡಿ ಆರಾಮಾಗಿ ಹೋಯಿತು. ಆ ಹುಡುಗಿಗೆ ನಾನು ಬಾಯಿಬಿಟ್ಟು ಏನೂ ಹೇಳಬೇಕಾಗಲಿಲ್ಲ. ಇಲಿಯ ಬುರುಡೆಗೆ ಭೂತಗನ್ನಡಿ ಹಿಡಿದರೆ ಬೇರೆಯದೇ ಆಕಾರ. ಬೀಗದ ಕೈ ತೂರಿಸುವ ತೂತಿನ ಹಾಗೆ, ಮೇಲೆ ಅಗಲ, ಕೆಳಗೆ ಸಪೂರ. ಮೇಲಿನ ಅಗಲದಲ್ಲಿ ಸ್ನಾಯುವಿನ ಒಂದು ಭಾಗ ಹೋಗುತ್ತದೆ, ಕೆಳಗಿನ ಸೀಳಿನಲ್ಲಿ ನರ. ಅಳಿಲಿನ ಚಿತ್ರದಲ್ಲಿ ತೂತು ಸೂಜಿಮೊನೆಯಷ್ಟೇ. ಅದರ ಸ್ನಾಯು ಒಳಗೆ ನುಗ್ಗುವುದಿಲ್ಲ, ಕೆನ್ನೆಮೂಳೆಯ ಹೊರಮೈ ಹಿಡಿದು ಕಣ್ಣಿನ ಮುಂದಕ್ಕೆ ಹತ್ತುತ್ತದೆ. ಬ್ರಾಂಟ್ ಮಾಡಿದ ಮೂರು ಗುಂಪೂ ನಮ್ಮ ಮೇಜಿನ ಮೇಲೇ ಇದ್ದವು.

ಈ ದಾರಿಗಳಿಂದ ಪ್ರಾಣಿಗೆ ಆಗುವ ಲಾಭ ಏನು ಎಂದು ಮಕ್ಕಳು ಕೇಳಿಯೇ ಕೇಳುತ್ತಾರೆ. 2012ರಲ್ಲಿ ಬುರುಡೆಗಳ ಕಂಪ್ಯೂಟರ್ ಮಾದರಿ ಮಾಡಿ ನೋಡಿದವರಿಗೆ ಕಂಡದ್ದು ಇದು: ಅಳಿಲಿನ ಬುರುಡೆ ಮುಂದಿನ ಹಲ್ಲಲ್ಲಿ ಕೊರೆಯುವುದಕ್ಕೆ ಚೆನ್ನ, ಗಿನಿಪಿಗ್‌ನದು ಹಿಂದಿನ ಹಲ್ಲಲ್ಲಿ ಅಗಿಯುವುದಕ್ಕೆ ಚೆನ್ನ. ಇಲಿ ಎರಡು ಕೆಲಸದಲ್ಲೂ ಇವೆರಡನ್ನೂ ಮೀರಿಸುತ್ತದೆ. ಇಲಿಯ ಕಾಟ ಕಂಡ ನಮಗೆ ಇದು ಆಶ್ಚರ್ಯವೇನಲ್ಲ.

ಇಲ್ಲಿಗೆ ಪದ ಸಿಕ್ಕಿತು ಅಂದುಕೊಂಡೆ. ಆದರೆ ನೋಟ್ಸ್ ತಿದ್ದಲು ಕೂತಾಗ ಇನ್ನೊಂದು ತೊಡಕು ಎದುರಾಯಿತು. ಜರ್ಬೋವಾ ಎಂಬ ಮರುಭೂಮಿಯ ಪ್ರಾಣಿಯಿದೆ, ಕಾಂಗರೂ ಹಾಗೆ ಎರಡು ಕಾಲಲ್ಲಿ ಕುಪ್ಪಳಿಸುತ್ತದೆ. ಅದರ ಬುರುಡೆಯಲ್ಲೂ ಮುಳ್ಳುಹಂದಿಯಂಥ ದೊಡ್ಡ ತೂತಿದೆ, ಆದರೆ ಅದನ್ನು ಸೇರಿಸುವುದು ಇಲಿಗಳ ಗುಂಪಿಗೆ. ಆಫ್ರಿಕಾದ ಬೋಳುಮೈಯ ಮೋಲ್‌ರ್‍ಯಾಟ್‌ಗೆ ಅಂಥ ದೊಡ್ಡ ತೂತೇ ಇಲ್ಲ, ಅದನ್ನು ಮುಳ್ಳುಹಂದಿಗಳ ಗುಂಪಿಗೇ ಸೇರಿಸುತ್ತಾರೆ. ಎರಡು ದಿನ ತಲೆ ಕೆಡಿಸಿಕೊಂಡೆ.

ಬಿಡಿಸಿಕೊಟ್ಟದ್ದು ದೊಡ್ಡಗದ್ದವಳ್ಳಿ. ನಮ್ಮ ಹಾಸನದಿಂದ ಬೇಲೂರಿನ ಕಡೆ ಹೋಗುವಾಗ ಸಿಗುವ ಊರು. ಅಲ್ಲಿಯ ಲಕ್ಷ್ಮೀದೇವಿ ಗುಡಿ 1114ರದು, ಹೊಯ್ಸಳರ ಕಾಲದ್ದೇ. ಆದರೆ ನಾವೆಲ್ಲ ‘ಹೊಯ್ಸಳ’ ಅಂದ ತಕ್ಷಣ ಕಣ್ಣಮುಂದೆ ತಂದುಕೊಳ್ಳುವ ನಕ್ಷತ್ರದಾಕಾರದ ಜಗಲಿ ಅಲ್ಲಿಲ್ಲ, ಶಿಖರಗಳಲ್ಲಿ ಮೂರು ಕದಂಬರ ಶೈಲಿಯ ಮೆಟ್ಟಿಲು ಶಿಖರಗಳು. ಇತ್ತ ಪೇಟೆಯಲ್ಲಿ ಸಿಮೆಂಟಿನಲ್ಲಿ ನಕ್ಷತ್ರದ ಆಕಾರ ತೆಗೆದು ಕಟ್ಟಿದ ಹೊಸ ಕಟ್ಟಡವನ್ನೂ ಹೊಯ್ಸಳ ಶೈಲಿ ಎನ್ನುತ್ತೇವೆ. ಹೊಯ್ಸಳ ಎಂಬುದು ಒಂದು ಮನೆತನದ ಹೆಸರು, ಒಂದು ಶೈಲಿಯ ಹೆಸರೂ ಹೌದು. ಹಿಸ್ಟ್ರಿಕೋಮಾರ್ಫ್ ಕೂಡ ಹಾಗೆಯೇ. ಒಂದು ಅರ್ಥದಲ್ಲಿ ಅದು ದವಡೆಯ ಶೈಲಿ. ಇನ್ನೊಂದು ಅರ್ಥದಲ್ಲಿ ಅದು ಮನೆತನ. ಮನೆತನವನ್ನು ಈಗ ಮುಖ್ಯವಾಗಿ ಜೀನ್‌ಗಳನ್ನು ನೋಡಿ ತೀರ್ಮಾನಿಸುತ್ತಾರೆ. ಜರ್ಬೋವಾದ್ದು ಶೈಲಿ ಮಾತ್ರ. ಮೋಲ್‌ರ್‍ಯಾಟ್‌ದು ಮನೆತನ ಮಾತ್ರ. ಮುಳ್ಳುಹಂದಿ, ಗಿನಿಪಿಗ್, ದಕ್ಷಿಣ ಅಮೆರಿಕದ ಕ್ಯಾಪಿಬಾರಾ, ಚಿಂಚಿಲ್ಲಾ, ಇವಕ್ಕೆ ಎರಡೂ ಉಂಟು.

ಮನೆತನದ ವಿಷಯದಲ್ಲಿ ದೊಡ್ಡ ಜಗಳಗಳೇ ನಡೆದಿವೆ. ಗಿನಿಪಿಗ್ ದಂಶಕವೇ ಹೌದಾ ಎಂದು 1991ರಲ್ಲಿ ಕೆಲವರು ಬರೆದರು, ಐದು ವರ್ಷ ಬಿಟ್ಟು ಇನ್ನೊಂದು ತಂಡ ಅಲ್ಲವೇ ಅಲ್ಲ ಎಂದಿತು. ಜಾಸ್ತಿ ಜೀನ್‌ಗಳನ್ನು, ಜಾಸ್ತಿ ಪ್ರಾಣಿಗಳನ್ನು ಸೇರಿಸಿ ನೋಡಿದಾಗ ಅದು ದಂಶಕಗಳ ಒಳಗೇ, ಮುಳ್ಳುಹಂದಿಯ ಮನೆಯಲ್ಲೇ ಉಳಿಯಿತು. ಲಾವೋಸ್ ದೇಶದ ಸಂತೆಯಲ್ಲಿ ಮಾಂಸಕ್ಕೆಂದು ಇಟ್ಟಿದ್ದ ಒಂದು ಪ್ರಾಣಿಗೆ 2005ರಲ್ಲಿ ಹೊಸ ಹೆಸರು ಕೊಟ್ಟರು. ಮರುವರ್ಷ ನೋಡಿದರೆ, ಒಂದು ಕೋಟಿ ಹತ್ತು ಲಕ್ಷ ವರ್ಷದ ಹಿಂದೆಯೇ ಅಳಿಯಿತು ಎಂದುಕೊಂಡಿದ್ದ ಕುಟುಂಬದ್ದು ಅದು. ಅದೂ ಈ ಮನೆತನಕ್ಕೇ ಸೇರುತ್ತದೆ. ಈ ಸಂಗತಿ ಹೇಳುವಾಗ ಕ್ಲಾಸಿನಲ್ಲಿ ಯಾರೂ ಗಡಿಯಾರ ನೋಡುವುದಿಲ್ಲ.

ಈಗ ನೋಟ್ಸಿನಲ್ಲಿ ಹೀಗೆ ಬರೆಯುತ್ತೇನೆ. ಬುರುಡೆಯ ರಚನೆ ಹೇಳುವಾಗ ‘ಮುಳ್ಳುಹಂದಿ ದವಡೆಯ’ ಎನ್ನುತ್ತೇನೆ. ಪಠ್ಯದಲ್ಲಿ ಇದಕ್ಕೆ ಹಿಸ್ಟ್ರಿಕೋಮಾರ್ಫಸ್ ಎಂಬ ರೂಪ ಬರುತ್ತದೆ. ಗುಂಪಿನ ಹೆಸರು ಹೇಳುವಾಗ ‘ಮುಳ್ಳುಹಂದಿ ಮನೆತನ’. ಅದು ಹಿಸ್ಟ್ರಿಕೋಮಾರ್ಫ, ಉಪಗಣದ ಹೆಸರು. ಬರೇ ‘ಮುಳ್ಳುಹಂದಿಯಂಥ’ ಅಂತ ಮಾತ್ರ ಎಲ್ಲೂ ಬರೆಯುವುದಿಲ್ಲ. ಹಾಗೆ ಬರೆದರೆ ಮಕ್ಕಳು ಮುಳ್ಳನ್ನೇ ಹುಡುಕುತ್ತಾರೆ. ನಮ್ಮ ಪಶ್ಚಿಮ ಘಟ್ಟದಲ್ಲೇ ಬೆನ್ನ ತುಂಬ ಚಪ್ಪಟೆ ಮುಳ್ಳಿರುವ, ಬ್ರಷ್ಷಿನಂಥ ಬಾಲದ ಇಲಿಯೊಂದಿದೆ, ಮರದ ಮೇಲಿದ್ದು ಕಾಳುಮೆಣಸು ತಿನ್ನುತ್ತದೆ. 1859ರಿಂದಲೂ ವಿಜ್ಞಾನಕ್ಕೆ ಗೊತ್ತಿರುವ ಅದು ಇಲಿಗಳ ಕಡೆಯದು. ಹೆಡ್ಜ್‌ಹಾಗ್‌ಗೂ ಮೈಯೆಲ್ಲ ಮುಳ್ಳು. ಅದು ದಂಶಕವೇ ಅಲ್ಲ.

ಹಿಸ್ಟ್ರಿಕೋಗ್ನಾಥ್ ಎಂಬ ಇನ್ನೊಂದು ಪದ ಇದರ ಜೊತೆಗೇ ಬರುತ್ತದೆ. ಎರಡನ್ನೂ ಒಂದೇ ಅಂದುಕೊಳ್ಳುವವರು ಜಾಸ್ತಿ. ಅದು 1899ರಲ್ಲಿ ಸ್ವೀಡನ್ನಿನ ಟುಲ್‌ಬರ್ಗ್ ಮಾಡಿದ ವಿಂಗಡಣೆ, ಕೆಳದವಡೆಯದು. ಗಿನಿಪಿಗ್‌ನ ಕೆಳದವಡೆಯನ್ನು ಅಡಿಮೇಲು ಹಿಡಿದು ನೋಡಿ. ಹಿಂದಿನ ಮೂಲೆ ಮುಂದಿನ ಹಲ್ಲಿನ ಬೇರಿನ ಸಾಲು ಬಿಟ್ಟು ಹೊರಕ್ಕೆ ಸರಿದಿರುತ್ತದೆ. ಇಲಿಯಲ್ಲಿ ಆ ಮೂಲೆ ಹಲ್ಲಿನ ಸಾಲಿನಲ್ಲೇ ಇರುತ್ತದೆ. ಮೇಲಿನ ತೂತಿಗೂ ಇದಕ್ಕೂ ಸಂಬಂಧ ಕಲ್ಪಿಸದೆ ಎರಡು ಬೇರೆ ಖಾನೆಗಳಲ್ಲಿ ಬರೆದುಕೊಳ್ಳಿ ಎಂದು ಮಕ್ಕಳಿಗೆ ಹೇಳುತ್ತೇನೆ.

ಮುಳ್ಳುಹಂದಿಯ ಬುರುಡೆಯನ್ನು ಗಾರ್ಡ್ ಅವತ್ತೇ ತೆಗೆದುಕೊಂಡು ಹೋದರು. ಫೋಟೋ, ಅಳತೆ ನಮ್ಮ ಬಳಿ ಇದ್ದವು. ಕುಂಬಾರರ ಹತ್ತಿರ ಜೇಡಿಮಣ್ಣು ತಂದು ಅದೇ ಅಳತೆಗೆ ಒಂದು ಮಾದರಿ ಮಾಡಿ, ಸ್ನಾಯುವಿನ ಬದಲು ಕೆಂಪು ರಿಬ್ಬನ್ ಅಂಟಿಸಿದ್ದೇನೆ. ರಿಬ್ಬನ್ನಿನ ಒಂದು ತುದಿ ಮೂತಿಯ ಪಕ್ಕ, ಇನ್ನೊಂದು ಕೆಳದವಡೆಯಲ್ಲಿ, ನಡುವೆ ತೂತು. ಮಣ್ಣು ಸುಟ್ಟಿಲ್ಲ, ಬರೇ ಒಣಗಿಸಿದ್ದು. ವರ್ಷವಿಡೀ ಮಕ್ಕಳ ಬೆರಳು ಹೋಗಿಬಂದು ಆ ತೂತು ಅಗಲವಾಗುತ್ತ ಹೋಗುತ್ತದೆ. ಕಾಲೇಜು ಶುರುವಾಗುವ ಮುಂಚೆ ಒಂದು ಮುದ್ದೆ ಹಸಿಮಣ್ಣು ಹಚ್ಚಿ ಮತ್ತೆ ಅಳತೆಗೆ ತರುತ್ತೇನೆ.